ತೆಲುಗು ಸಿನಿಮಾದ ಅಪ್ಪ, ನಮ್ಮ ಮನೆಯ ಅಪ್ಪ

ಹೋದ ತಿಂಗಳು ಒಂದು ಭಾನುವಾರ ಸಂಜೆ ಪಕ್ಕದ ಮನೆಯವರು ಪುಳಿಹೋರ ತಿನ್ನೋಕೆ ಕರೆದಿದ್ದರು. ಹೈದರಾಬಾದಿನ ನಲ್ಲಕುಂಟದಲ್ಲಿ ನಾವು ಹನ್ನೊಂದು ವರ್ಷದಿಂದ ಅಕ್ಕಪಕ್ಕ. ಟೀವಿಯಲ್ಲಿ ‘ಬೊಮ್ಮರಿಲ್ಲು’ ಅನ್ನೋ ತೆಲುಗು ಸಿನಿಮಾ ಕೊನೆಯ ಹಂತಕ್ಕೆ ಬಂದಿತ್ತು. ನೀವು ಕೊಟ್ಟಿದ್ದೆಲ್ಲ ನಿಮಗೆ ಇಷ್ಟವಾದದ್ದು, ನನಗೆ ಬೇಕಾದದ್ದಲ್ಲ ಅಂತ ಮಗ ಅಪ್ಪನೆದುರು ಮೊದಲ ಸಲ ಬಾಯಿ ಬಿಡುವ ದೃಶ್ಯ. ಮನೆಯ ಯಜಮಾನರು ರಿಟೈರ್ ಆದ ಮೇಷ್ಟ್ರು. ಕನ್ನಡಕ ತೆಗೆದು ಪಂಚೆ ತುದಿಯಲ್ಲಿ ಒರೆಸಿಕೊಂಡರು. ಆಮೇಲೆ ಪಕ್ಕದಲ್ಲಿ ಕೂತಿದ್ದ ಮಗಳ ಕಡೆ ತಿರುಗಿ, “ನೀಕೇಮೈನಾ ಉಂಟೇ ಚೆಪ್ಪು ತಲ್ಲೀ” ಅಂದರು. ಏನಾದರೂ ಇದ್ದರೆ ಹೇಳು ತಾಯಿ. ಅವಳು “ಏಮೀ ಲೇದು ನಾನ್ನಾ”, ಏನೂ ಇಲ್ಲ ಅಪ್ಪಾ, ಅಂತ ನಕ್ಕು, ತಟ್ಟೆಯಿಂದ ಕಡಲೆಬೀಜ ಆರಿಸಿ ಬಾಯಿಗೆ ಹಾಕಿಕೊಂಡಳು.

ಅಷ್ಟೇ ಆಗಿದ್ದು. ನನಗೆ ಮಾತ್ರ ತುತ್ತು ಗಂಟಲಲ್ಲೇ ನಿಂತಿತು.

ತುಮಕೂರಿನ ನಮ್ಮ ಮನೆಯಲ್ಲಿ ಟೀವಿಯಲ್ಲಿ ಹುಡುಗ ಹುಡುಗಿ ಕೈ ಹಿಡಿದರೆ ಸಾಕು, ಅಪ್ಪ “ನಲ್ಲೀಲಿ ನೀರು ಬಂತಾ ನೋಡೋ” ಅಂತ ನನ್ನನ್ನು ಎಬ್ಬಿಸುತ್ತಿದ್ದರು. ನೀರು ಬರೋದು ದಿನ ಬಿಟ್ಟು ದಿನ, ಅದೂ ಬೆಳಿಗ್ಗೆ. ಅದು ಎಲ್ಲರಿಗೂ ಗೊತ್ತಿತ್ತು. ಆದರೂ ಎದ್ದು ಹೋಗಿ ನೋಡಿ ಬರುತ್ತಿದ್ದೆ.

‘ಬೊಮ್ಮರಿಲ್ಲು’ ಬಂದಿದ್ದು 2006ರಲ್ಲಿ. ಅದೇ ವರ್ಷದ ಕೊನೆಗೆ ನಮ್ಮಲ್ಲಿ ‘ಮುಂಗಾರು ಮಳೆ’ ಬಂತು. ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ. ಅಲ್ಲಿ ಹಾಸಿನಿ ಹುಡುಗನ ಮನೆಗೇ ಬಂದು ಒಂದು ವಾರ ಇರುತ್ತಾಳೆ, ಕೊನೆಗೆ ಮಗ ಅಪ್ಪನ ಹತ್ತಿರ ಮಾತಾಡುತ್ತಾನೆ. ಇಲ್ಲಿ ನಂದಿನಿಯ ಅಪ್ಪ ತನಗೆ ಹೃದಯದ ಕಾಯಿಲೆ, ಮಗಳ ಮದುವೆ ನೋಡಬೇಕು ಅನ್ನುತ್ತಾರೆ. ಪ್ರೀತಂ ಮನಸ್ಸಿನ ಮಾತನ್ನು ನುಂಗಿಕೊಂಡು ಮಳೆಯಲ್ಲಿ ಹೊರಟುಬಿಡುತ್ತಾನೆ. ಬೆಂಗಳೂರಿನ ಮಲ್ಟಿಪ್ಲೆಕ್ಸಿನಲ್ಲಿ ಅದು ವರ್ಷ ಕಳೆದರೂ ಓಡಿತು. ನಾವು ಆ ಮೌನವನ್ನು ಎಷ್ಟು ಮೆಚ್ಚಿಕೊಂಡೆವು!

ತೆಲುಗಿನ ಪ್ರೇಮಕಥೆಗಳಲ್ಲಿ ಕೆಲಸ ಶುರುವಾಗೋದೇ ಪ್ರೀತಿ ಹುಟ್ಟಿದ ಮೇಲೆ. ಮನೆಯವರನ್ನು ಒಪ್ಪಿಸೋ ಕೆಲಸ. ಅವರು ಒಪ್ಪಿಂಚಡಂ ಅನ್ನುತ್ತಾರೆ, ನಾವು ಒಪ್ಪಿಸೋದು ಅನ್ನುತ್ತೇವೆ. ಮಾತು ಒಂದೇ. 2005ರ ‘ನುವ್ವೊಸ್ತಾನಂಟೇ ನೇನೊದ್ದಂಟಾನಾ’ದಲ್ಲಿ ಲಂಡನ್ನಿಂದ ಬಂದ ಸಾಹುಕಾರನ ಮಗ ಹುಡುಗಿಯ ಅಣ್ಣನನ್ನು ಒಪ್ಪಿಸಲು ಗದ್ದೆಗೆ ಇಳಿಯುತ್ತಾನೆ, ದನದ ಕೊಟ್ಟಿಗೆಯಲ್ಲಿ ಮಲಗುತ್ತಾನೆ. 2017ರ ‘ಫಿದಾ’ದಲ್ಲಿ ಬಾನ್ಸುವಾಡದ ಭಾನುಮತಿ ಅಪ್ಪನನ್ನು ಬಿಟ್ಟು ನಾನ್ಯಾಕೆ ಹೋಗಲಿ ಅನ್ನುತ್ತಾಳೆ. ಕೊನೆಗೆ ಅಮೆರಿಕದ ಹುಡುಗನೇ ಬಂದು ಆ ಊರಲ್ಲಿ ನಿಲ್ಲುತ್ತಾನೆ. ಮನೆ ಅಳಿಯ ಅಂದರೆ ನಮ್ಮ ಕಡೆ ಹೇಗೆ ಮುಖ ಮಾಡುತ್ತಾರೆ ಅಂತ ಗೊತ್ತಲ್ವಾ? ಇಲ್ಲಿ ಅದಕ್ಕೆ ಥಿಯೇಟರಿನಲ್ಲಿ ಶಿಳ್ಳೆ ಬಿತ್ತು.

ನಮಗೆ ಇಷ್ಟವಾದ ಮಾತು ಬೇರೆ. ಬಿಟ್ಟುಕೊಡೋದು. ತ್ಯಾಗ ಮಾಡೋ ಪಾತ್ರಗಳನ್ನು ಮಾಡಿ ಮಾಡಿ ರಮೇಶ್ ಅರವಿಂದ್ ಅವರಿಗೆ ‘ತ್ಯಾಗರಾಜ’ ಅಂತಲೇ ಹೆಸರು ಬಿತ್ತಲ್ಲ. ಅವರ ಸಿನಿಮಾಗಳನ್ನು ನೋಡಿ ನಾನೂ ಅತ್ತಿದ್ದೇನೆ. ಈಗ ಅನ್ನಿಸುತ್ತೆ, ನಾವು ಹೊಗಳಿದ ತ್ಯಾಗದಲ್ಲಿ ಎಷ್ಟೋ ಪಾಲು ಅಪ್ಪನ ಮುಂದೆ ಬಾಯಿ ಬಿಡೋ ಹೆದರಿಕೆ. ‘ಮುಂಗಾರು ಮಳೆ’ ತೆಲುಗಿಗೂ ಹೋಯಿತು, 2008ರಲ್ಲಿ, ‘ವಾನ’ ಅಂತ. ಇಲ್ಲಿ ಓಡಲಿಲ್ಲ. ಕಾರಣ ನೂರು ಇರಬಹುದು. ಆದರೆ ಪಕ್ಕದ ಮನೆ ಆಂಟಿಗೆ ನಾನು ಕಥೆ ಹೇಳಿದಾಗ ಅವರು ಕೇಳಿದ್ದು ಒಂದೇ: “ಆ ಹುಡುಗ ಒಂದು ಮಾತು ಹೇಳಿ ನೋಡಬಹುದಿತ್ತಲ್ಲಾ?”

ನನ್ನ ಅಕ್ಕ ‘ಮುಂಗಾರು ಮಳೆ’ ನೋಡಿದ್ದು 2007ರ ಸಂಕ್ರಾಂತಿ ಮುಗಿದ ವಾರ. ನಾನೇ ಜೊತೆಗೆ ಹೋಗಿದ್ದೆ. ಹಾಡು, ಮಳೆ, ಆ ಮೊಲ ಎಲ್ಲ ನನಗೆ ಖುಷಿ. ಅಕ್ಕ ಇಂಟರ್ವಲ್ ಆದಮೇಲೆ ಅಳೋಕೆ ಶುರು ಮಾಡಿದವಳು ಬಸ್ ಸ್ಟ್ಯಾಂಡಿನವರೆಗೂ ನಿಲ್ಲಿಸಲಿಲ್ಲ. ಸಿನಿಮಾಗೆ ಇಷ್ಟೊಂದಾ ಅಂತ ರೇಗಿಸಿದೆ. ಆ ವೈಶಾಖದಲ್ಲಿ ಅವಳ ಮದುವೆ ಆಯಿತು. ಕಾಲೇಜಿನಲ್ಲಿ ಒಬ್ಬರಿದ್ದರು ಅಂತ ಅವಳು ನನಗೆ ಹೇಳಿದ್ದು ಅದಾಗಿ ಹತ್ತು ವರ್ಷಕ್ಕೆ. ಅಮ್ಮನ ತಿಥಿಯ ದಿನ, ಅಡುಗೆಮನೆಯಲ್ಲಿ ಎಲೆ ಒರೆಸುತ್ತಾ. “ಅಪ್ಪ ಕೇಳಿದ್ದಿದ್ರೆ ಹೇಳ್ತಿದ್ನೇನೋ” ಅಂದಳು. ಭಾವ ಒಳ್ಳೆಯವರು, ಅದರಲ್ಲಿ ಎರಡು ಮಾತಿಲ್ಲ. ಆದರೆ ಯಾರೂ ಕೇಳಲಿಲ್ಲ.

‘ಬೊಮ್ಮರಿಲ್ಲು’ವಿನ ಅಪ್ಪನ ಪಾತ್ರ ಮಾಡಿದವರು ನಮ್ಮ ಬೆಂಗಳೂರಿನ ಪ್ರಕಾಶ್ ರಾಜ್. ಒಬ್ಬ ಕನ್ನಡಿಗ ತೆಲುಗಿನಲ್ಲಿ ಅಪ್ಪನಾಗಿ ಕೂತು ಮಗನ ಮಾತು ಪೂರ್ತಿ ಕೇಳಿಸಿಕೊಂಡರು. ಅದನ್ನು ನೆನೆದರೆ ನನಗೆ ಹೊಟ್ಟೆಯುರಿಯುತ್ತದೆ.

ಇಲ್ಲಿನ ಅಪ್ಪಂದಿರೆಲ್ಲ ಹಾಗೇ ಇದ್ದಾರೆ ಅಂತ ಹೇಳೋಕೆ ಆಗಲ್ಲ. ಸಿನಿಮಾದಲ್ಲಿ ಕರಗೋ ಅಪ್ಪನಿಗೆ ದೊಡ್ಡ ಬಂಗಲೆ ಇರುತ್ತದೆ, ಹುಡುಗ ಹುಡುಗಿಯ ಜಾತಿಯ ಮಾತು ಬರೋದೇ ಅಪರೂಪ. 2018ರಲ್ಲಿ ಇದೇ ತೆಲಂಗಾಣದ ಮಿರ್ಯಾಲಗೂಡದಲ್ಲಿ ಬಸುರಿ ಹೆಂಡತಿಯ ಕಣ್ಣೆದುರೇ ಒಬ್ಬ ದಲಿತ ಹುಡುಗನನ್ನು ಕಡಿದು ಕೊಂದರು. ಕೊಲ್ಲಿಸಿದ್ದು ಆ ಹುಡುಗಿಯ ಅಪ್ಪ. ಆ ಹುಡುಗಿ ಸುಮ್ಮನಿರಲಿಲ್ಲ. ಅಪ್ಪನಿಗೆ ಎದುರಾಗಿ ನಿಂತು ಮದುವೆ ಆಗಿದ್ದಳು. ಆ ವಾರ ಪಕ್ಕದ ಮನೆ ಮೇಷ್ಟ್ರು ಪೇಪರ್ ಮಡಚಿಟ್ಟು ಮಾತೇ ಆಡಲಿಲ್ಲ.

ನಮ್ಮಪ್ಪನ ಬಗ್ಗೆಯೂ ಇನ್ನೊಂದು ಹೇಳಲೇಬೇಕು. ಮೊದಲ ಆಷಾಢಕ್ಕೆ ಅಕ್ಕನನ್ನು ಕರೆತರಲು ನಾನು ಹೋಗ್ತೀನಿ ಅಂದರೂ ಬಿಡದೆ ಅವರೇ ಹೊರಟರು. ಮಂಡಿನೋವಿನಲ್ಲೇ, ಎರಡು ಬಸ್ ಬದಲಾಯಿಸಿ. ಬರುವಾಗ ದಾರಿಯಲ್ಲಿ ಇಳಿದು ಅವಳಿಗೆ ಇಷ್ಟ ಅಂತ ತಟ್ಟೆ ಇಡ್ಲಿ ಕೊಡಿಸಿದರಂತೆ. ಅಲ್ಲಿ ಸುಖವಾಗಿದ್ದೀಯಾ ಅಂತ ಕೇಳಲಿಲ್ಲವಂತೆ. ಇನ್ನೊಂದು ಇಡ್ಲಿ ಹಾಕಿಸಿಕೊ ಅಂತ ಮಾತ್ರ ಎರಡು ಮೂರು ಸಲ ಹೇಳಿದರಂತೆ.