ಙ ಅಕ್ಷರಕ್ಕೊಂದು ಹೆಣ್ಣು ಹೆಸರು ಬೇಕಾಗಿದೆ

ಹೆಣ್ಣು ಕೂಸು ಹುಟ್ಟಿದ ಮನೆಯಿಂದ ಈಗ ಹೊರಡುವ ಬೇಡಿಕೆಪಟ್ಟಿ ಹೀಗಿರುತ್ತದೆ. ಹೆಸರು ಎರಡೇ ಅಕ್ಷರದ್ದಾಗಿರಬೇಕು. ಮೂಲ ಸಂಸ್ಕೃತವಾಗಿರಬೇಕು, ಆದರೆ ಸಂಸ್ಕೃತದ ಹಾಗೆ ಕೇಳಿಸಬಾರದು. ನ್ಯೂಜೆರ್ಸಿಯ ಟೀಚರಮ್ಮನ ನಾಲಿಗೆಗೆ ಸಲೀಸಾಗಿ ಹೊರಳಬೇಕು, ಅಜ್ಜಿಯ ನಾಲಿಗೆಗೆ ಹೊರಳದಿದ್ದರೂ ನಡೆದೀತು. ಅರ್ಥ ಲಕ್ಷ್ಮಿ ಎಂದಿರಬೇಕು, ಹೆಸರು ಮಾತ್ರ ಲಕ್ಷ್ಮಿ ಎಂದಿರಕೂಡದು. ಎಲ್ಲಕ್ಕಿಂತ ಮುಖ್ಯವಾಗಿ, ಈ ಹೆಸರಿನವಳು ಭೂಮಂಡಲದಲ್ಲಿ ಇನ್ನೊಬ್ಬಳಿರಬಾರದು.

ಇಷ್ಟನ್ನೂ ಪೂರೈಸಲು ಜಾಲತಾಣಗಳು ಹಗಲಿರುಳು ತೆರೆದಿರುತ್ತವೆ. ನೀವು ಸದ್ದು ಕೊಟ್ಟರೆ ಅವು ಅರ್ಥ ಕೊಡುತ್ತವೆ. ‘ಆಯ್’ ಎನ್ನಿ, ‘ರಾ’ ಎನ್ನಿ, ಮಗು ಸೀನಿದ ಸದ್ದನ್ನೇ ಟೈಪು ಮಾಡಿ, ಉತ್ತರ ಸಿದ್ಧ: ಸುಂದರಿ, ದುರ್ಗೆಯ ಇನ್ನೊಂದು ಹೆಸರು, ಬೆಳಕಿನ ಕಿರಣ. ಸುಮಾರಾಗಿ ಓದುವ, ಆಗಾಗ ಹಟ ಮಾಡುವ ಹುಡುಗಿ ಎಂಬ ಅರ್ಥದ ಹೆಸರು ಒಂದು ತಾಣದಲ್ಲೂ ಸಿಗುವುದಿಲ್ಲ. ಹಾಗಿದ್ದರೆ ನಮ್ಮ ಸುತ್ತ ಇರುವ ಹುಡುಗಿಯರೆಲ್ಲ ಯಾರೋ!

ಮೈರಾ ಎಂಬ ಹೆಸರನ್ನೇ ನೋಡಿ. ಪಟ್ಟಿ ಪಟ್ಟಿಗಳಲ್ಲಿ ಅದರ ಮುಂದೆ ‘ಸಂಸ್ಕೃತ’ ಎಂದು ಬರೆದಿರುತ್ತದೆ, ಅರ್ಥ ‘ಪ್ರೀತಿಪಾತ್ರಳು’. ಈ ಹೆಸರನ್ನು ತನ್ನ ಪ್ರೇಮಕವಿತೆಗಳಿಗಾಗಿ ಹೊಸೆದವನು ಫಲ್ಕ್ ಗ್ರೆವಿಲ್ (1554–1628) ಎಂಬ ಇಂಗ್ಲಿಷ್ ಕವಿ, ಒಂದನೇ ಎಲಿಜಬೆತ್ ರಾಣಿಯ ಆಸ್ಥಾನಿಕ. ಅವನಿಗೂ ಪಾಣಿನಿಗೂ ನಡುವೆ ಸುಮಾರು ಎರಡು ಸಾವಿರ ವರ್ಷ ಬಿದ್ದಿವೆ. ಆದರೂ ಹುಡುಗಿಯ ಸೋದರಮಾವ ‘ವೇದದಲ್ಲಿದೆಯಂತೆ’ ಎಂದು ನಾಮಕರಣದ ದಿನ ನೆಂಟರಿಗೆಲ್ಲ ಹೇಳಿರುತ್ತಾನೆ. ಯಾವ ವೇದ ಎಂದು ಕೇಳುವ ಅಸಭ್ಯತೆ ನಮ್ಮ ನೆಂಟರಲ್ಲಿಲ್ಲ.

ಕಿಯಾರಾಳ ಕಥೆ ಇನ್ನೂ ಸೊಗಸು. ಇಟಲಿಯ ‘ಕ್ಯಾರಾ’ ಎಂದರೆ ಬೆಳ್ಳಗೆ ಬೆಳಗುವವಳು. ಐರ್ಲೆಂಡಿನಲ್ಲಿ ಇದಕ್ಕೆ ಹತ್ತಿರದ ಸದ್ದಿನ ‘ಕೀರಾ’ ಇದ್ದಾಳೆ, ಅವಳು ಕಪ್ಪು ಬಣ್ಣದವಳು ಅಥವಾ ಕಪ್ಪು ಕೂದಲಿನವಳು. ಒಂದೇ ಹೆಸರಿನ ಬಾಲಕ್ಕೆ ಕೆಲವರು ಬೆಳಕನ್ನು ಕಟ್ಟುತ್ತಾರೆ, ಕೆಲವರು ಕತ್ತಲನ್ನು. ನಮ್ಮವರು ಎರಡನ್ನೂ ಕೂಡಿಸಿ, ಭಾಗಿಸಿ, ಶೇಷವಾಗಿ ಉಳಿದದ್ದಕ್ಕೆ ‘ದೇವಿ’ ಎಂದಿದ್ದಾರೆ.

ಇಂಗ್ಲಿಷರನ್ನೂ ಸುಮ್ಮನೆ ಬಿಡಬೇಕಾಗಿಲ್ಲ. ಅವರಲ್ಲಿ ಇಮೊಜೆನ್ ಎಂಬ ಅಪರೂಪದ ಹೆಣ್ಣು ಹೆಸರಿದೆ. ಷೇಕ್ಸ್‌ಪಿಯರನ ನಾಟಕವೊಂದರ ನಾಯಕಿ ಅವಳು. 1611ರಲ್ಲಿ ಆ ನಾಟಕ ನೋಡಿದ ಸೈಮನ್ ಫೋರ್ಮನ್ ಎಂಬಾತ ತನ್ನ ಟಿಪ್ಪಣಿಯಲ್ಲಿ ಅವಳನ್ನು ‘ಇನ್ನೊಜೆನ್’ ಎಂದು ಬರೆದಿದ್ದಾನೆ. 1623ರಲ್ಲಿ ಅಚ್ಚಾದ ಸಂಪುಟದಲ್ಲಿ ಮಾತ್ರ ಅವಳು ‘ಇಮೊಜೆನ್’. ಎರಡು ನ-ಕಾರಗಳನ್ನು ಒಂದು ಮ-ಕಾರವೆಂದು ಓದಿಕೊಂಡು ಮೊಳೆ ಜೋಡಿಸಿರಬೇಕು ಎಂಬುದು ಅನೇಕ ವಿದ್ವಾಂಸರ ಬಲವಾದ ಗುಮಾನಿ. ಆ ಮುದ್ರಣದೋಷಕ್ಕೂ ಈಗ ‘ಕನ್ಯೆ’ ಎಂಬ ಅರ್ಥ ಅಂಟಿಕೊಂಡಿದೆ. ನಮ್ಮ ಜನನ ನೋಂದಣಿ ಕಚೇರಿಗಳಲ್ಲಿ ಇಂಥ ಅಪರೂಪದ ಹೆಸರುಗಳು ದಿನವೂ ಹುಟ್ಟುತ್ತವೆ, ತಿಳಿಗೇಡಿ ಜನ ಅಫಿಡವಿಟ್ ಮಾಡಿಸಿ ಅವನ್ನೆಲ್ಲ ಹಾಳು ಮಾಡುತ್ತಾರೆ.

ಇನ್ನು ನಿಜವಾದ ಸಂಸ್ಕೃತದ ಹೆಸರು ಸಿಕ್ಕಿತೆನ್ನಿ. ಆಗ ತೊಂದರೆ ಬೇರೆ. ಇರಾ ಎಂಬುದು ಎರಡೇ ಅಕ್ಷರ, ಅಚ್ಚ ಸಂಸ್ಕೃತ, ವಿದೇಶಕ್ಕೂ ಸೈ. ಸರಸ್ವತಿಯ ಹೆಸರು ಎಂದು ತಾಣಗಳು ಹೇಳುವುದೂ ಸುಳ್ಳಲ್ಲ. ಅಮರಕೋಶ ತೆಗೆದರೆ ‘ಇರಾ ಭೂವಾಕ್ಸುರಾಪ್ಸು ಸ್ಯಾತ್’ ಎಂದಿದೆ. ಭೂಮಿ, ಮಾತು, ಹೆಂಡ, ನೀರು, ನಾಲ್ಕೂ ಆಗುತ್ತದೆ. ಅಮರಸಿಂಹ ಪಾಪ, ಮೂರನೆಯದನ್ನು ಮುಚ್ಚಿಡಬೇಕೆಂದು ಅರಿಯದ ಕಾಲದವನು. ಅನಾಮಿಕಾಳ ವಿಷಯವನ್ನಂತೂ ಎತ್ತುವುದೇ ಬೇಡ: ಹೆಸರಿಲ್ಲದವಳು ಎಂದು ಹೆಸರು, ಕೋಶದಲ್ಲಿ ಉಂಗುರದ ಬೆರಳು.

ಆಮೇಲೆ ನಕ್ಷತ್ರ. ಇಪ್ಪತ್ತೇಳು ನಕ್ಷತ್ರ, ಒಂದೊಂದಕ್ಕೆ ನಾಲ್ಕು ಪಾದ, ಒಟ್ಟು 108 ಅಕ್ಷರ. ಅಶ್ವಿನಿಯಲ್ಲಿ ಹುಟ್ಟಿದ ಮಗು ಪುಣ್ಯವಂತೆ, ಅವಳಿಗೆ ಚು, ಚೆ, ಚೊ, ಲ. ಹಸ್ತದವಳಿಗೆ ಪು, ಷ, ಣ, ಠ. ಆರ್ದ್ರೆಯವಳಿಗೆ ಕು, ಘ, ಙ, ಛ. ಅಂದರೆ ಆರ್ದ್ರೆಯ ಮೂರನೇ ಪಾದದಲ್ಲಿ ಹುಟ್ಟಿದ ಕೂಸಿನ ಹೆಸರು ಙ-ದಿಂದ ಶುರುವಾಗಬೇಕು. ಒಂದನೇ ಕ್ಲಾಸಿನ ಗೋಡೆಪಟದ ಮೇಲೆ ಬಿಟ್ಟರೆ ಬೇರೆಲ್ಲೂ ಕೆಲಸವಿಲ್ಲದ ಅಕ್ಷರಕ್ಕೆ ಕೊನೆಗೂ ಒಂದು ಉದ್ಯೋಗ! ಪುರೋಹಿತರು ಅನುಭವಸ್ಥರು, ‘ಬೇರೆ ಅಕ್ಷರ ಇಟ್ಕೊಳ್ಳಿ, ದೋಷವಿಲ್ಲ’ ಅನ್ನುತ್ತಾರೆ. ಮಗುವಿನ ತಂದೆ ಬಿಡಬೇಕಲ್ಲ, ಅಪರೂಪವೆಂದರೆ ಇದೇ ಎಂದು ಅವನಿಗೆ ಹೊಳೆದುಬಿಟ್ಟಿದೆ. ‘ಙಾಯ್ರಾ’ ಎಂದು ಟೈಪು ಮಾಡಿ ಕಾಯುತ್ತಾನೆ. ಅರ್ಥ ಏನು ಬರುತ್ತದೆಂದು ನಾನು ಹೇಳಬೇಕಾಗಿಲ್ಲ, ಅವಳೂ ಲಕ್ಷ್ಮಿಯೇ.

ಶಾಸ್ತ್ರದ ಮಾತು ಬಂತಲ್ಲ, ಶಾಸ್ತ್ರವನ್ನೇ ಬಿಚ್ಚಿ ನೋಡೋಣ. ಪಾರಸ್ಕರ ಗೃಹ್ಯಸೂತ್ರ ಹೆಣ್ಣುಮಗುವಿನ ಹೆಸರಿನಲ್ಲಿ ಅಕ್ಷರಗಳು ಬೆಸವಾಗಿರಬೇಕು ಅನ್ನುತ್ತದೆ. ಅಲ್ಲಿಗೆ ಮೈರಾ, ಇರಾ ಮತ್ತವರ ಎರಡಕ್ಷರದ ಸಖಿಯರೆಲ್ಲ ಮೊದಲ ಸುತ್ತಿನಲ್ಲೇ ಔಟ್. ಮನು ಎರಡನೇ ಅಧ್ಯಾಯದಲ್ಲಿ ಹೆಂಗಸರ ಹೆಸರು ಉಚ್ಚರಿಸಲು ಸುಲಭವಾಗಿ, ಸ್ಪಷ್ಟ ಅರ್ಥದ್ದಾಗಿ ಇರಬೇಕು ಎಂದ. ಮೂರನೆಯದರಲ್ಲಿ ನಕ್ಷತ್ರ, ಮರ, ನದಿಗಳ ಹೆಸರಿನ ಹುಡುಗಿಯನ್ನು ಮದುವೆಯಾಗಬೇಡಿ ಎಂದೂ ಬರೆದಿಟ್ಟ. ಅವನ ಮಾತಿಗೆ ಕಿವಿಗೊಟ್ಟಿದ್ದರೆ ನಮ್ಮ ಕಾವೇರಿ, ತುಂಗಾ, ರೋಹಿಣಿ, ರೇವತಿಯರೆಲ್ಲ ಇನ್ನೂ ತವರಲ್ಲೇ ಇರುತ್ತಿದ್ದರು. ಹುಟ್ಟಿದ ಗಳಿಗೆಯನ್ನು ಸೆಕೆಂಡಿಗೆ ಸೆಕೆಂಡು ಲೆಕ್ಕ ಹಾಕುವ ಮನೆಗಳು ಈ ಪುಟಗಳನ್ನು ಮಾತ್ರ ಸಲೀಸಾಗಿ ಮಗುಚಿ ಮುಂದೆ ಹೋಗುತ್ತವೆ. ಹೋಗಲಿ, ಅದು ಒಳ್ಳೆಯದೇ.

ಅಪರೂಪವೇ ಬೇಕಿದ್ದರೆ ದೂರ ಹೋಗುವುದೇಕೆ? ಅತ್ತಿಮಬ್ಬೆ ಇದ್ದಾಳೆ. ಹತ್ತನೇ ಶತಮಾನದಲ್ಲಿ, ಅಚ್ಚಿನ ಯಂತ್ರವಿಲ್ಲದ ಕಾಲದಲ್ಲಿ, ಪೊನ್ನನ ಕಾವ್ಯದ ಸಾವಿರ ಪ್ರತಿ ಬರೆಯಿಸಿ ಹಂಚಿದವಳು. ಅವಳ ಹೆಸರಿನಲ್ಲಿ ಸರ್ಕಾರ ಪ್ರಶಸ್ತಿ ಕೊಡುತ್ತದೆ, ಅವಳ ಹೆಸರನ್ನು ಮಾತ್ರ ಯಾರೂ ಮಗಳಿಗೆ ಕೊಡುವುದಿಲ್ಲ. ‘ಅತಿ ಅಪರೂಪದ ನೂರು ಹೆಸರುಗಳು’ ಎಂಬ ಒಂದೇ ಪಟ್ಟಿಯನ್ನು ಊರಿಗೆ ಊರೇ ಓದಿದ ಮೇಲೆ ಯುಕೆಜಿಯಲ್ಲಿ ಮೈರಾ ಎ., ಮೈರಾ ಕೆ., ಮೈರಾ ಎಸ್. ಒಂದೇ ಬೆಂಚಿನಲ್ಲಿ ಕೂರುತ್ತಾರೆ. ಪರಿಹಾರವೆಂದು ಸಂಖ್ಯಾಶಾಸ್ತ್ರದವರು ಒಬ್ಬಳಿಗೆ ಇಂಗ್ಲಿಷಿನ ಎರಡು ‘ವೈ’, ಇನ್ನೊಬ್ಬಳಿಗೆ ಬಾಲದಲ್ಲೊಂದು ‘ಎಚ್’ ಬರೆದುಕೊಡುತ್ತಾರೆ. ಕನ್ನಡ ಹಾಜರಿಯಲ್ಲಿ ಮೂವರೂ ಮತ್ತೆ ಒಂದೇ.

ಅರ್ಥ ಹುಡುಕಬೇಕಾಗಿಲ್ಲದ ಹೆಸರುಗಳೂ ನಮ್ಮಲ್ಲಿದ್ದವು ಎನ್ನಿ. ಹೆಣ್ಣಿನ ಮೇಲೆ ಹೆಣ್ಣು ಹುಟ್ಟಿದಾಗ ‘ಇನ್ನು ಸಾಕು’ ಎಂದು ದೇವರಿಗೆ ಕಳಿಸಿದ ಅರ್ಜಿಯೇ ಸಾಕಮ್ಮ. ಮಹಾರಾಷ್ಟ್ರದಲ್ಲಿ ನಕುಶಾ ಇತ್ತು, ಬೇಡವಾದವಳು ಎಂದು ನೇರ ಅರ್ಥ. 2011ರ ಅಕ್ಟೋಬರಿನಲ್ಲಿ ಸಾತಾರಾ ಜಿಲ್ಲಾಡಳಿತ ಸಮಾರಂಭ ಮಾಡಿ ಅಂಥ 285 ಹುಡುಗಿಯರಿಗೆ ಬೇರೆ ಹೆಸರು ಕೊಟ್ಟಿತು. ಮನು ಕೇಳಿದ ಸ್ಪಷ್ಟಾರ್ಥ ಇಷ್ಟು ಚೆನ್ನಾಗಿ ಇನ್ಯಾವ ಹೆಸರಿನಲ್ಲಿತ್ತು! ಆ ಹುಡುಗಿಯರು ಆರಿಸಿಕೊಂಡ ಹೊಸ ಹೆಸರುಗಳಲ್ಲಿ ಐಶ್ವರ್ಯಾ, ವೈಶಾಲಿ ಇದ್ದವು. ಅಪರೂಪದ್ದು ಬೇಕೆಂಬ ಚಪಲ ಅವರಿಗೆ ಹತ್ತಿರಲಿಲ್ಲ.

ಈ ನಡುವೆ ತೊಟ್ಟಿಲಲ್ಲಿರುವ ಙ-ಕಾರದ ಕೂಸಿನ ಜನನ ಪ್ರಮಾಣಪತ್ರದಲ್ಲಿ ಹೆಸರಿನ ಜಾಗ ಖಾಲಿ ಇದೆ. ಮನೆಯವರು ಅವಸರ ಮಾಡಬೇಕಾಗಿಲ್ಲ. 1969ರ ಜನನ ಮರಣ ನೋಂದಣಿ ಕಾಯ್ದೆ ನಮ್ಮನ್ನು ಚೆನ್ನಾಗಿ ಬಲ್ಲದು. ಹೆಸರಿಲ್ಲದೆಯೂ ಜನನ ದಾಖಲಿಸಬಹುದು, ಹನ್ನೆರಡು ತಿಂಗಳೊಳಗೆ ಹೆಸರು ಸೇರಿಸಿದರೆ ಶುಲ್ಕವಿಲ್ಲ, ತಡಶುಲ್ಕ ಕಟ್ಟಿದರೆ ನಿಯಮದ ಪ್ರಕಾರ 15 ವರ್ಷದವರೆಗೂ ಅವಕಾಶವಿದೆ. ಅಷ್ಟರಲ್ಲಿ ಹುಡುಗಿ ಎಸ್ಸೆಸ್ಸೆಲ್ಸಿಗೆ ಬಂದಿರುತ್ತಾಳೆ. ಅರ್ಜಿ ನಮೂನೆಯನ್ನು ಅವಳ ಕೈಗೇ ಕೊಟ್ಟರಾಯಿತು, ತಪ್ಪಿಲ್ಲದೆ ತುಂಬುತ್ತಾಳೆ.