ಬೂಷ್ಟು ಹಿಡಿದ ಬೆಲ್ಟು

ಇವತ್ತು ಬೆಳಿಗ್ಗೆ ಅಡಿಕೆ ಸೊಸೈಟಿ ಮೀಟಿಂಗಿಗೆ ಹೊರಟ ನಮ್ಮನೆಯವರು ಬೀರುವಿನಿಂದ ಬೆಲ್ಟು ಎಳೆದರು. ಕಪ್ಪು ಬೆಲ್ಟಿಗೆ ಉದ್ದಕ್ಕೂ ಬಿಳಿ ಗಡ್ಡ. “ಇದು ನಂದಲ್ಲ ಕಣೇ” ಎಂದರು. ಆರಿದ್ರಾ ಮಳೆ ಶುರುವಾದಾಗ ಅದನ್ನು ಅಲ್ಲಿ ತುರುಕಿದವರು ಅವರೇ.

ತೀರ್ಥಹಳ್ಳಿ ಕಡೆ ಪುನರ್ವಸು ಹಿಡಿದ ಮೇಲೆ ಮನೆಯಲ್ಲಿ ಬೂಷ್ಟು ಬರದ ವಸ್ತು ಅಂದರೆ ಮೊಬೈಲು ಒಂದೇ, ಅದು ಕೈ ಬಿಟ್ಟಿರುವುದಿಲ್ಲವಲ್ಲ. ಒದ್ದೆ ಬಟ್ಟೆಯಲ್ಲಿ ಒರೆಸಿ ಅನ್ನುವುದರೊಳಗೆ ಇವರು ಬೀರುವಿನ ಬಾಗಿಲಲ್ಲೇ ಬೆಲ್ಟನ್ನು ಪಟಪಟ ಕೊಡವಿದರು. ನನ್ನ ರೇಷ್ಮೆ ಸೀರೆಗಳಿಗೆಲ್ಲ ಪ್ರಸಾದ ಹಂಚಿಯಾಯಿತು.

ಆಮೇಲೆ ಸಿಟ್ಟು ಬಚ್ಚಲಿನ ಗೋಡೆಯ ಕಡೆ ತಿರುಗಿತು. ಇವರಿಗೆ ಬೆರಕೆಯ ಹುಚ್ಚು. ಕಷಾಯಕ್ಕೂ ಮೆಣಸು, ಶುಂಠಿ ಸಾಲದೆ ಹಿತ್ತಲಿನ ಅರ್ಧ ಸೊಪ್ಪು ಬೀಳಬೇಕು. ಹೋದ ವರ್ಷ ಗೋಬಿ ಮಂಚೂರಿಗೆ ತಂದ ವಿನೆಗರಿಗೆ ಅಡಿಗೆ ಸೋಡಾ ಸುರಿದು, ಬುಸ್ ಅಂತ ನೊರೆ ಎದ್ದದ್ದೇ, “ನೋಡು, ಹೆಂಗೆ ಸಾಯ್ತಿದೆ!” ಎಂದು ದೋಸೆ ಹುಯ್ಯುತ್ತಿದ್ದವಳನ್ನು ಎಳೆದುಕೊಂಡು ಹೋಗಿ ತೋರಿಸಿದ್ದರು. ಹುಳಿ, ಕ್ಷಾರ ಒಂದನ್ನೊಂದು ತಿಂದುಕೊಂಡವು. ನೊರೆ ಇಳಿದ ಮೇಲೆ ಉಳಿದದ್ದು ಸಪ್ಪೆ ಉಪ್ಪುನೀರು, ಅದರ ಹಿಂದೆ ಬೂಷ್ಟು. ನನ್ನ ದೋಸೆಯೂ ಸೀದಿತ್ತು.

ಇವತ್ತು ಇನ್ನೂ ಮುಂದೆ ಹೋಗಿದ್ದರು. ಅಂಗಳದ ಹಾವಸೆಗೆ ಇಟ್ಟ ಬ್ಲೀಚಿಂಗ್ ಪೌಡರ್ ಬಕೆಟ್ಟಿನಲ್ಲಿ, ಕೈಯಲ್ಲಿ ಟಾಯ್ಲೆಟ್ ತೊಳೆಯುವ ಆಸಿಡ್ಡು, ಕಿಟಕಿ ಮುಚ್ಚಿದೆ. “ಎರಡೂ ಕೊಳೆ ತೆಗೆಯೋದೇ ಅಲ್ವನೇ?” ಬಾಟಲಿ ಕಸಿದುಕೊಂಡೆ. “ರೀ, ಇವೆರಡು ಸೇರಿದ್ರೆ ಕ್ಲೋರಿನ್ ಗಾಳಿ ಏಳ್ತದೆ. ಇವತ್ತು ಸೊಸೈಟಿಯಲ್ಲಿ ನಿಮಗೇ ಸಂತಾಪ ಸೂಚಿಸಬೇಕಾಗ್ತದೆ.” ಬ್ಲೀಚಿಗೆ ವಿನೆಗರ್ ಬೆರೆಸಿದರೂ ಅದೇ ಗತಿ.

ಬ್ಲೀಚಿಂಗ್ ಪೌಡರ್ ಬಕೆಟ್ಟನ್ನು ಅಂಗಳಕ್ಕೆ ಸಾಗಿಸಿ, ಕಿಟಕಿ ತೆಗೆದು, ಮೂಗಿಗೆ ಮಾಸ್ಕು, ಕೈಗೆ ಗ್ಲೌಸು ಹಾಕಿ ನಾನೇ ಗೋಡೆಗೆ ಬರೀ ವಿನೆಗರ್ ಹೊಡೆದೆ. ಒಂದು ಗಂಟೆ ಬಿಟ್ಟು ಉಜ್ಜಿ, ಒಣಬಟ್ಟೆಯಲ್ಲಿ ಒರೆಸಬೇಕು. ತೇವ ಉಳಿದರೆ ಹದಿನೈದು ದಿನಕ್ಕೆ ಮತ್ತೆ ಹಾಜರು.

ಆ ಒಂದು ಗಂಟೆಯಲ್ಲಿ ಬೀರು ಖಾಲಿ ಮಾಡಿದೆ. ಅಡಿಯಲ್ಲಿ ಆಲ್ಬಮ್ಮು. ಅಮ್ಮನ ಫೋಟೋದಲ್ಲಿ ಸೀರೆ ಸೆರಗಿನವರೆಗೆ ಚುಕ್ಕಿ ಏರಿದೆ. ಮುಖಕ್ಕಿನ್ನೂ ತಲುಪಿಲ್ಲ. ಇದಕ್ಕೆ ಯಾವ ವಿನೆಗರನ್ನೂ ತಾಗಿಸುವ ಹಾಗಿಲ್ಲ. ಹಳೇ ಮನೆಯಲ್ಲಿ ಅಮ್ಮ ಇಂಥವನ್ನೆಲ್ಲ ಒಲೆ ಮೇಲಿನ ಅಟ್ಟದಲ್ಲಿಡುತ್ತಿದ್ದಳು, ಹೊಗೆ ವಾಸನೆ ಬರುತ್ತದೆಂದು ನಾನೇ ಬೈಯುತ್ತಿದ್ದೆ.

ಇವರು ಕೊನೆಗೆ ಗೊಣಗುತ್ತಾ ಪಂಚೆ ಉಟ್ಟು ಹೋದರು. ಹನ್ನೊಂದಕ್ಕೆ ಫೋನು: “ಇಲ್ಲಿ ಎಲ್ರೂ ಪಂಚೆಯಲ್ಲೇ ಬಂದಿದಾರೆ ಕಣೇ.”