ಅಳತೆ ಪಟ್ಟಿ ಹಿಡಿದು ಬರೆದ ಸಂಗೀತ

ಬ್ರೆಜಿಲ್‌ನ ಸಂಗೀತ ಸಂಯೋಜಕ ಮಾರ್ಕೋ ಆಂಟೋನಿಯೋ ಗಿಮರಾಯ್ಸ್ ಹೆಸರು ಬಂದ ಕೂಡಲೇ "ಓ, ಪಿವಿಸಿ ಪೈಪ್ ಬಡೀತಾರಲ್ಲ, ಅವರಾ?" ಅಂತಾರೆ. ಪೈಪ್ ಬಡಿಯೋಕೆ ಯಾರಿಗೆ ಬರಲ್ಲ? ಅದನ್ನ ಎಲ್ಲಿಗೆ ಕುಯ್ಯಬೇಕು ಅನ್ನೋದರಲ್ಲೇ ಅವರ ಅರ್ಧ ಸಂಯೋಜನೆ ಇದೆ ಅನ್ನೋದು ನನ್ನ ವಾದ.

ಬ್ರೆಜಿಲ್‌ನದೇ ಸಾಲ್ವಡಾರ್ ನಗರದಲ್ಲಿ, ಹೊಸ ಹೊಸ ವಾದ್ಯ ಕಟ್ಟುತ್ತಿದ್ದ ಸಂಗೀತಗಾರ ವಾಲ್ಟರ್ ಸ್ಮೆಟಾಕ್ ಹತ್ತಿರ ಕಲಿತು, 1978ರಲ್ಲಿ ಬೆಲೋ ಹೊರಿಜಾಂಟೆಯಲ್ಲಿ 'ಉವಾಕ್ತಿ' ತಂಡ ಕಟ್ಟಿದವರು ಇವರು. ವಾದ್ಯಗಳು ಬಹುಪಾಲು ಸ್ವಂತ ತಯಾರಿ.

ಲೆಕ್ಕ ನೋಡಿ. 110 ಹರ್ಟ್ಸ್ (ಸೆಕೆಂಡಿಗೆ 110 ಕಂಪನ) ಸ್ವರ ಬೇಕು, ಪೈಪ್‌ನ ಎರಡೂ ಬಾಯಿ ತೆರೆದಿದೆ ಅಂದ್ಕೊಳ್ಳಿ. 25 ಡಿಗ್ರಿ ಸೆಖೆಯಲ್ಲಿ ಶಬ್ದದ ವೇಗ ಸೆಕೆಂಡಿಗೆ ಸುಮಾರು 346 ಮೀಟರ್. ಎರಡೂ ಬಾಯಿ ತೆರೆದ ಪೈಪ್‌ನಲ್ಲಿ ಅರ್ಧ ಅಲೆ ಹಿಡಿಸುತ್ತೆ, ಹಾಗಾಗಿ ಅದನ್ನ 110ರ ಎರಡರಷ್ಟು, ಅಂದರೆ 220ರಿಂದ ಭಾಗಿಸಿದರೆ 1.57 ಮೀಟರ್. ಅಷ್ಟಕ್ಕೇ ಕುಯ್ದರೆ ಸ್ವರ ಇಳಿದುಹೋಗುತ್ತೆ, ಯಾಕಂದ್ರೆ ಒಳಗಿನ ಗಾಳಿಯ ಅಲೆ ಬಾಯಿಂದ ಸ್ವಲ್ಪ ಆಚೆಗೂ ಚಾಚಿರುತ್ತೆ. ಒಳವ್ಯಾಸ 80 ಮಿ.ಮೀ. ಇದ್ದರೆ ಎರಡೂ ತುದಿ ಸೇರಿ 48 ಮಿ.ಮೀ. ಕಳೀಬೇಕು. ಉಳಿಯೋದು 1.525 ಮೀಟರ್. ಮೊದಲು ಎರಡು ಸೆಂಟಿಮೀಟರ್ ಜಾಸ್ತಿ ಬಿಟ್ಟು ಕುಯ್ದು, ಆಮೇಲೆ ಚೂರುಚೂರೇ ಉಜ್ಜಿ ಶ್ರುತಿಗೆ ತರೋದು ಕ್ಷೇಮ. ಗಿಡ್ಡ ಆಯ್ತಾ? ತುದಿಗೆ ಕಪ್ಲಿಂಗ್ (ಪೈಪ್ ಜೋಡಿಸೋ ತುಂಡು) ಸಿಕ್ಕಿಸಿ ಎಳೆದುಕೊಳ್ಳಿ.

ಬಾರಿಸೋಕೆ ಹವಾಯಿ ಚಪ್ಪಲಿಯ ಅಟ್ಟೆ ಸಾಕು. ಆದರೆ ಹೊಡೆದ ತಕ್ಷಣ ಎತ್ತಬೇಕು. ಅಟ್ಟೆ ಬಾಯಿ ಮೇಲೆ ಕೂತರೆ ಒಂದು ತುದಿ ಮುಚ್ಚಿದ ಹಾಗೆ, ಸ್ವರ ಹೆಚ್ಚುಕಡಿಮೆ ಒಂದು ಸ್ಥಾಯಿ ಕೆಳಗೆ ಬೀಳುತ್ತೆ. ರೆಕಾರ್ಡಿಂಗ್‌ನಲ್ಲಿ ಮೈಕ್ ಹೊಡೆಯೋ ಕಡೆ ಇಟ್ಟರೆ ಬರೀ 'ಟಪ್' ಕೇಳುತ್ತೆ, ಆಚೆ ತುದಿಯಲ್ಲಿಡಿ. ಇನ್ನೊಂದು ಕಾಟ ಹವೆಯದ್ದು: ಕೋಣೆ ಹತ್ತು ಡಿಗ್ರಿ ತಣ್ಣಗಾದರೆ ಶ್ರುತಿ ಅರ್ಧಸ್ವರದ ಮೂರನೇ ಒಂದು ಭಾಗದಷ್ಟು ಇಳಿಯುತ್ತೆ. ಬೆಳಿಗ್ಗೆ ಎಸಿಯಲ್ಲಿ ಒಂದು ಪದರ, ಮಧ್ಯಾಹ್ನ ಸೆಖೆಯಲ್ಲಿ ಇನ್ನೊಂದು ಪದರ ಅಂದರೆ ಎರಡೂ ಕೂಡಲ್ಲ.

ಅವರದೇ ಇನ್ನೊಂದು ವಾದ್ಯ 'ಟೋರೆ', ಅಂದರೆ ಗೋಪುರ. ಕೊಳವೆಯ ಸುತ್ತ ತಂತಿ. ಒಬ್ಬರು ತಿರುಗಿಸ್ತಾರೆ, ಇನ್ನೊಬ್ಬರು ಕಮಾನು ತಾಗಿಸ್ತಾರೆ. ತಿರುಗಿಸೋ ಕೈ ತಡವರಿಸಿದರೆ ನಾದವೂ ತಡವರಿಸುತ್ತೆ.

ಗಿಮರಾಯ್ಸ್ ಸಿನಿಮಾಗೂ ಸಂಗೀತ ಕೊಟ್ಟವರು. ಸಿನಿಮಾಗೆ ಇದೆಲ್ಲ ಯಾಕೆ? ಪಿಟೀಲು ಕೇಳಿದರೆ ಕಣ್ಣಮುಂದೆ ಪಿಟೀಲು ಬರುತ್ತೆ. ಇವರ ವಾದ್ಯ ಕೇಳಿದರೆ ಏನೂ ಬರಲ್ಲ. ಊರಿಗೆ ಊರೇ ಕಣ್ಣು ಕಳ್ಕೊಳ್ಳೋ ಕಥೆ ಇರುವ 'ಬ್ಲೈಂಡ್‌ನೆಸ್' (2008) ಚಿತ್ರಕ್ಕೆ ಇದಕ್ಕಿಂತ ಹೊಂದೋ ಸಂಗೀತ ನನಗಂತೂ ಹೊಳೆಯಲ್ಲ. ಆದರೂ ನನ್ನ ಮತ ಅವರದೇ ಸಂಗೀತವಿರುವ ಇನ್ನೊಂದು ಚಿತ್ರ 'ಲವೋರಾ ಅರ್ಕಾಯ್ಕಾ'ಗೆ (2001). ಅಲ್ಲಿ ಹಳ್ಳಿಮನೆಯ ಉಸಿರುಕಟ್ಟು ಮೌನದ ಜೊತೆ ಸಂಗೀತ ಬೆರೆತುಹೋಗಿದೆ.

ಫೋನ್ ಸ್ಪೀಕರ್‌ನಲ್ಲಿ ಮಾತ್ರ ನೋಡಬೇಡಿ. 110 ಹರ್ಟ್ಸ್ ಅದರಲ್ಲಿ ಸರಿಯಾಗಿ ಬರೋದೇ ಇಲ್ಲ, ಅಟ್ಟೆಯ 'ಟಪ್' ಅಷ್ಟೇ ಗತಿ.